ಅಪ್ಪ ನೋಡದ ನನ್ನ ನಿರ್ದೇಶನ

ಎರಡು ಸಿನಿಮಾ, ನಾಲ್ಕು ಸೀರಿಯಲ್ಲು, ರೇಷ್ಮೆ ಸಾಕಣೆ ಮೇಲೊಂದು ಸಾಕ್ಷ್ಯಚಿತ್ರ. ನನ್ನ ಕಸುಬು ಇಷ್ಟೇ. ಯಾವುದೂ ಕೈ ಹಿಡಿಯಲಿಲ್ಲ. ಊರಿನವರು "ಈಗೇನ್ ಮಾಡ್ಕಂಡಿದ್ದೀಯಪ್ಪ?" ಅಂತ ಕೇಳುವಾಗ ಕಾಯಿಲೆಯವರನ್ನು ವಿಚಾರಿಸುವ ಹಾಗೆ ದನಿ ತಗ್ಗಿಸುತ್ತಾರೆ. ನಾನು ತೆಗೆದದ್ದನ್ನು ಅಪ್ಪ ಒಂದು ಸಲ ನೋಡಿ ಚೆನ್ನಾಗಿದೆ ಅನ್ನಬೇಕು ಅಂತ ನನಗೊಂದು ಆಸೆ. ಆ ಆಸೆಯ ಬೆನ್ನು ಹತ್ತಿದಾಗಲೆಲ್ಲ ಇಂಥದ್ದೇ ನಡೆಯುತ್ತದೆ.

ಟಾಕೀಸು

ಮೊದಲ ಸಿನಿಮಾ ರಾಮನಗರಕ್ಕೆ ಬಂತು. ರೇಷ್ಮೆ ಗೂಡು ಮಾರಲು ಮಾರ್ಕೆಟ್ಟಿಗೆ ಹೋದ ದಿನ ನೋಡುತ್ತೇನೆ ಅಂದಿದ್ದ ಅಪ್ಪ. ಅಷ್ಟು ದಿನ ಅದು ಓಡಲಿಲ್ಲ. ಟಾಕೀಸಿನವರು ಅದನ್ನು ತೆಗೆದು ಬೇರೆ ಯಾರದ್ದೋ ಸಿನಿಮಾ ಹಾಕಿದ್ದರು. ಪೋಸ್ಟರ್ ಓದುವ ಅಭ್ಯಾಸ ಅಪ್ಪನಿಗಿಲ್ಲ. ಪೂರ್ತಿ ನೋಡಿ ಬಂದು, "ಚೆಂದಾಗೈತೆ ಕಣ್ಲಾ. ಅಳು ಬಂದ್ಬುಡ್ತು" ಅಂದ.

"ಅಪ್ಪಾ, ಅದು ನಂದಲ್ಲ. ನಂದನ್ನ ತೆಗೆದ್ಬುಟ್ರು."

"ಹಂಗಾರೆ ಇಂಥದ್ದೇ ಒಂದು ತೆಗಿ" ಅಂದ ಅಪ್ಪ.

ಹುಳುಮನೆ

ಸಿನಿಮಾ ಕೈಬಿಟ್ಟ ಮೇಲೆ ಟೀವಿಗೆ ಬಂದೆ. ಒಂದು ದೃಶ್ಯಕ್ಕೆ ಅಪ್ಪ ರೇಷ್ಮೆಹುಳು ಸಾಕುವ ನಮ್ಮದೇ ಹುಳುಮನೆ ಇಟ್ಟುಕೊಂಡೆ, ಅಪ್ಪನ ಕಣ್ಣೆದುರಿಗೇ ಕೆಲಸ ಮಾಡಬಹುದಲ್ಲ ಅಂತ. ಹುಳು ಹಣ್ಣಾಗಿ ಗೂಡು ಕಟ್ಟುವ ಹೊತ್ತು ಅದು. ಆಗ ಯಾವ ವಾಸನೆಯೂ ಹುಳುವಿಗೆ ಆಗಿಬರುವುದಿಲ್ಲ. ಅಪ್ಪ ಬಾಗಿಲಲ್ಲಿ ನಿಂತು ಹೀರೋಯಿನ್ನಿಗೆ, "ತಾಯಿ, ಸೋಪು ಹಾಕ್ದೆ ಮೊಕ ತೊಳ್ಕಂಡು ಬಾ" ಅಂದ. ಮೇಕಪ್ಪಿನವನನ್ನು ಹಿತ್ತಲಿಗೆ ಕಳಿಸಿದ. ಕ್ಯಾಮೆರಾದವನ ತಲೆಯೆಣ್ಣೆ ಮೂಸಿ ಅವನನ್ನೂ ಕಳಿಸಿದ. ಒಳಗೆ ಉಳಿದವನು ನಾನೊಬ್ಬನೇ.

"ಈಗ ತೆಗಿ, ನೋಡಾನ" ಅಂದ.

ಹೆಣ

ಈಗ ಹೇಳುವ ಕಂತು ತೆಗೆದೆನೇ ಹೊರತು ಪ್ರಸಾರವಾಗಲಿಲ್ಲ. ಅಷ್ಟರಲ್ಲಿ ಸೀರಿಯಲ್ಲನ್ನೇ ನಿಲ್ಲಿಸಿದರು. ಕಥೆಯಲ್ಲಿ ಮನೆಯ ಯಜಮಾನ ಸಾಯಬೇಕಿತ್ತು, ಆ ಪಾತ್ರದ ನಟ ಹೇಳದೆ ಕೇಳದೆ ಬೇರೆ ಸೀರಿಯಲ್ಲಿಗೆ ಹೋಗಿಬಿಟ್ಟ. ದೂರದ ಶಾಟ್ ತಾನೆ, ಹೆಣವಾಗಿ ಮಲಗ್ತೀಯಾ ಅಂತ ಅಪ್ಪನನ್ನು ಕೇಳಿದೆ. "ಮಾತಿಲ್ಲ ಅಲ್ವಾ?" ಅಂದು ಒಪ್ಪಿ ಚಾಪೆ ಮೇಲೆ ಮಲಗಿದ.

ಅಳಲು ಊರಿನ ಹೆಂಗಸರನ್ನೇ ಕರೆಸಿದ್ದೆ. ನಮ್ಮ ಕಡೆ ಹೆಣದ ಮುಂದೆ ಬರೀ ಅಳುವುದಿಲ್ಲ, ಸತ್ತವನ ಬದುಕನ್ನೆಲ್ಲ ಹೇಳಿಕೊಂಡು ಅಳುತ್ತಾರೆ. ಕಥೆಯ ಯಜಮಾನ ಅವರಿಗೆ ಗೊತ್ತಿಲ್ಲ, ಅಪ್ಪ ಗೊತ್ತು. ಪಕ್ಕದ ಮನೆಯ ಮುದುಕಿ ಎದೆ ಬಡಿದುಕೊಂಡು ಶುರು ಮಾಡಿದಳು: "ಹುಳಕ್ಕೆ ಸೊಪ್ಪು ಹಾಕಿ ಹಾಕಿ ಸವೆದ್ಯಲ್ಲೋ ತಮ್ಮಯ್ಯಾ... ಇದ್ದೊಬ್ಬ ಮಗ ಸಿನಿಮಾ ಸಿನಿಮಾ ಅಂತ ಹಾಳಾಗೋದ್ನಲ್ಲೋ... ಆ ಕೊರಗಲ್ಲೇ ಹೋದ್ಯಲ್ಲೋ..."

ಯೂನಿಟ್ಟಿನವರೆಲ್ಲ ನನ್ನ ಮುಖ ನೋಡಿದರು. ನಾಚಿಕೆಯಿಂದ ಸತ್ತಂತಾಯಿತು.

ಹೆಣ ಎದ್ದು ಕೂತಿತು.

"ಯಾರಕ್ಕ ಹಾಳಾಗಿರೋನು? ನನ್ ಮಗ ಚೆಂದಾಗೇ ತೆಗೀತಾನೆ."

ಮುದುಕಿ ಅಳು ನಿಲ್ಲಿಸಿ ಕೇಳಿದಳು: "ನೀನ್ಯಾವಾಗ್ಲಾ ನೋಡ್ದೆ?"

"ನೋಡಿಲ್ಲ. ಸತ್ತೋನೇ ಎದ್ದು ಹೇಳ್ತಾವ್ನಲ್ಲ, ನಂಬಕ್ಕ" ಅಂದು ಅಪ್ಪ ಮತ್ತೆ ಮಲಗಿ ಕಣ್ಣು ಮುಚ್ಚಿದ.