ಮನೆಗೊಂದಾಳಿನ ನ್ಯಾಯ

ಮೈಕು ಕೈಗೆ ಸಿಕ್ಕಿತೆಂದರೆ ನನಗೊಂದು ಮನೆಯಿದೆ, ಆ ಮನೆಯಲ್ಲೊಬ್ಬಳು ಹೆಂಡತಿಯಿದ್ದಾಳೆ ಎಂಬುದೆಲ್ಲ ಮರೆತೇಹೋಗುತ್ತದೆ. ಅಜ್ಜಂಪುರದಲ್ಲಿ ಅರ್ಥಶಾಸ್ತ್ರದ ಪಾಠ ಹೇಳಿಕೊಂಡು ನೆಟ್ಟಗೇ ಇದ್ದೆ. ಒಂದು ಸಲ ಬಜೆಟ್ಟಿನ ಮಾರನೆಯ ದಿನ ತರೀಕೆರೆಯ ಕೇಬಲ್ ಚಾನೆಲ್ಲಿನವರು ಕರೆದು, ನನ್ನ ಮುಖದ ಕೆಳಗೆ 'ಖ್ಯಾತ ಅರ್ಥಶಾಸ್ತ್ರಜ್ಞ' ಎಂದು ಹಾಕಿದರು ನೋಡಿ, ಅಲ್ಲಿಂದ ಕೆಟ್ಟೆ. ಕ್ಲಾಸಿನ ಹುಡುಗರ ಹಾಗೆ ಕ್ಯಾಮೆರಾ ಆಕಳಿಸುವುದಿಲ್ಲ. ಎಂಥಾ ಸುಖ ಕಣ್ರೀ ಅದು!

ಈಚೆಗೆ ಅಲ್ಲೇ 'ನ್ಯಾಯವಾದ ತೆರಿಗೆ ಯಾವುದು?' ಎಂಬ ಚರ್ಚೆಯಿತ್ತು. ಎದುರಿಗೆ ಕೂತಿದ್ದ ಕಡೂರಿನ ಆಡಿಟರು, "ಎಲ್ಲರಿಗೂ ಒಂದೇ ಸಮ ಹಾಕ್ಬಿಡಿ, ರಗಳೇನೇ ಇರಲ್ಲ. ಜಾಸ್ತಿ ಹಾಕಿದ್ರೆ ಬಂಡವಾಳ ಊರು ಬಿಟ್ಟು ಓಡುತ್ತೆ" ಎಂದರು. ನನಗೆ ಮೈಯೆಲ್ಲ ಉರಿಯಿತು. ಬಾಯಿಗೆ ನಮ್ಮ ಬೀದಿಯೇ ಬಂತು. "ಮಳೆಗಾಲಕ್ಕೆ ಮುಂಚೆ ನಮ್ಮ ಬೀದಿಯ ಕಾಲುವೆಯ ಹೂಳೆತ್ತಲು ಮನೆಗೊಂದಾಳು ಬರಬೇಕು. ಒಂಟಿ ಮುದುಕಿ ರಂಗಮ್ಮನ ಮನೆಯಿಂದಲೂ ಒಂದಾಳು, ಐದು ಜನ ಗಟ್ಟಿಮುಟ್ಟಾಗಿರುವ ಮನೆಯಿಂದಲೂ ಒಂದೇ ಆಳು! ಇದು ನ್ಯಾಯವೇ? ಶಕ್ತಿ ಇದ್ದಷ್ಟು ಹೊರಬೇಕು!" ಎಂದು ಮೇಜು ಗುದ್ದಿದೆ. ಆಡಿಟರ ಕಾಫಿ ಚೆಲ್ಲಿತು. ವಾಪಸು ಬರುವಾಗ ಬಸ್ಸಿನ ಸೀಟು ನನಗೆ ಚಿಕ್ಕದೆನಿಸಿತು.

ಭಾನುವಾರ ಬೆಳಿಗ್ಗೆ ಬೀದಿಯ ಹಿರಿಯ ಶಫಿ ಸಾಬರು ಸಲಿಕೆ ಹಿಡಿದು ಗೇಟಿನ ಹತ್ತಿರ ನಿಂತಿದ್ದರು. "ಏನ್ ಮಾತಾಡಿದ್ರಿ ಸಾರ್ ಟಿವೀಲಿ! ಬೀದಿಯವರೆಲ್ಲ ಒಪ್ಕೊಂಡ್ವಿ. ರಂಗಮ್ಮಂಗೆ ಈ ಸಲ ಮಾಫಿ."

ನಾನು ಉಬ್ಬಿಹೋದೆ.

"ಐದು ಜನ ಗಟ್ಟಿಮುಟ್ಟಾಗಿರೋ ಮನೇನೂ ಹುಡುಕಿದ್ವಿ. ಬೀದೀಲಿ ಇರೋದು ನಿಮ್ದೊಂದೇ."

ಅಯ್ಯೋ ದೇವರೇ! ನಾನು, ಹೆಂಡತಿ ಸುಮಿತ್ರ, ಬೆಳೆದ ಇಬ್ಬರು ಹೆಣ್ಣುಮಕ್ಕಳು, ಮೇಲೆ ಹವಾ ಬದಲಾವಣೆಗೆಂದು ಬಂದವನು ವಾಪಸು ಹೋಗುವ ಮಾತೇ ಆಡದ ಭಾವಮೈದ. ದೇಶದ ಲೆಕ್ಕವೆಲ್ಲ ಹೇಳುವ ನಾನು ಮನೆಯ ತಲೆಗಳನ್ನೇ ಎಣಿಸಿರಲಿಲ್ಲ.

"ಹಾಗಲ್ಲ ಸಾಬ್ರೇ, ಮನೆಗೊಂದಾಳು ಅನ್ನೋದು ಹಿಂದಿನಿಂದ ಬಂದ ಪದ್ಧತಿ..." ಎಂದು ರಾಗ ತೆಗೆದೆ.

ಎದುರು ಜಗಲಿಯಿಂದ ರಂಗಮ್ಮ, "ಮೇಷ್ಟ್ರು ಮೇಜು ಗುದ್ದಿ ಹೇಳವ್ರೆ, ನಾನೇ ಕಣ್ಣಾರೆ ನೋಡಿವ್ನಿ!" ಎಂದು ಕೂಗಿದಳು.

ಸುಮಿತ್ರ ಸೆರಗು ಬಿಗಿದು ಸಲಿಕೆ ತೆಗೆದುಕೊಂಡವಳು, "ಆ ಮೇಜು ಇಲ್ಲಿದ್ದಿದ್ರೆ ನಿಮ್ಮ ತಲೇನೇ ಅದಕ್ಕೆ ಗುದ್ದುತಿದ್ದೆ" ಎಂದು ಹಲ್ಲು ಕಚ್ಚಿದಳು. ಭಾವಮೈದ ಅರ್ಧ ಬುಟ್ಟಿ ಹೂಳು ಹೊತ್ತವನೇ ಕಡೂರಿನ ಬಸ್ಸು ಹತ್ತಿಬಿಟ್ಟ. ಬಂಡವಾಳ ಓಡುತ್ತದೆ ಎಂದು ಆಡಿಟರು ಹೇಳಿದ್ದು ಇದನ್ನೇ ಇರಬೇಕು. ಸುಮ್ಮನೆ ಅವರ ಕಾಫಿ ಚೆಲ್ಲಿಸಿದೆ.

ಸಂಜೆ ಅಂಗೈ ಬೊಬ್ಬೆ ನೋಡಿಕೊಳ್ಳುತ್ತ ಕೂತಿದ್ದಾಗ ರಂಗಮ್ಮ ಒಂದು ಚೊಂಬು ಮಜ್ಜಿಗೆ ತಂದಳು. "ಈ ವರ್ಷ ನನ್ ಸೊಂಟ ಉಳೀತು ಕಣಪ್ಪಾ, ತಣ್ಣಗಿರು." ನಿಜ ಹೇಳುತ್ತೇನೆ, ಯಾವ ಚಪ್ಪಾಳೆಗೂ ನನಗೆ ಅಷ್ಟು ಸಂತೋಷವಾಗಿರಲಿಲ್ಲ. ನ್ಯಾಯ ಎಂದರೆ ಇದೇ, ಇನ್ನು ಹಿಂಜರಿಯಬಾರದು ಎಂದುಕೊಂಡೆ.

ಅಷ್ಟರಲ್ಲಿ ಚಾನೆಲ್ಲಿನವರ ಫೋನು. "ಸಾರ್, ನಾಳೆ ಮನೆ ಕಂದಾಯದ ಚರ್ಚೆ. ದೊಡ್ಡ ಮನೆಯವರಿಗೆ ಜಾಸ್ತಿ ಹಾಕ್ಬೇಕು ತಾನೇ?"

ಮೊನ್ನೆ ಮೊನ್ನೆ ಎಬ್ಬಿಸಿದ ನಮ್ಮ ಮಹಡಿಯನ್ನೊಮ್ಮೆ ನೋಡಿದೆ. ಬಾಗಿಲಲ್ಲಿ ಇನ್ನೂ ಸಲಿಕೆ ಹಿಡಿದೇ ನಿಂತಿದ್ದ ಸುಮಿತ್ರಳನ್ನೂ ನೋಡಿದೆ.

"ಈ ಬಗ್ಗೆ ಆಳವಾದ ಅಧ್ಯಯನ ಆಗಬೇಕು" ಎಂದೆ.

"ಎಷ್ಟು ಪ್ರಬುದ್ಧರಾಗ್ಬಿಟ್ರಿ ಸಾರ್!" ಎಂದರು ಅವರು.