ಪೀರಾ ಸಾಬರ ಬಿಳಿ ಶೇರ್ವಾನಿ

ಎಲ್ಲಕ್ಕೂ ಕಾರಣ ಪೀರಾ ಸಾಬರ ಮದುವೆಯ ಶೇರ್ವಾನಿ.

ರಾಯಚೂರಿನ ಭೂವಿಜ್ಞಾನಿ ಹನುಮಂತ್ರಾಯ ಮರುಭೂಮಿಯ ಪುರಾತನ ನೀರಿನ ವ್ಯವಸ್ಥೆಗಳ ಬಗ್ಗೆ ಸಾಕ್ಷ್ಯಚಿತ್ರ ತೆಗೆಯುತ್ತಿದ್ದ. ರಾಜಸ್ಥಾನದ ಚಿತ್ರೀಕರಣ ಮುಗಿಸಿ, ಹೋಲಿಕೆಗೆಂದು 1981ರಲ್ಲಿ ಮಾನ್ವಿ ತಾಲ್ಲೂಕಿನ ಕುರ್ಡಿಗೆ ಬಂದ. ಅಲ್ಲಿ ಪೀರಾ ಸಾಬ್ ಇನ್ನೂ ಎತ್ತು ಕಟ್ಟಿ, ತೊಗಲಿನ ಚೀಲದಲ್ಲಿ ಬಾವಿಯ ನೀರೆತ್ತುತ್ತಿದ್ದರು. ಕ್ಯಾಮೆರಾ ಬರುತ್ತದೆಂದು ಗೊತ್ತಾದದ್ದೇ ಬಿಳಿ ಶೇರ್ವಾನಿ ತೊಟ್ಟು, ಅತ್ತರು ಪೂಸಿಕೊಂಡು ಎತ್ತಿನ ಹಿಂದೆ ನಿಂತರು.

"ಹಳೇ ಲುಂಗಿ ಸಾಕ್ರಿ" ಎಂದ ಹನುಮಂತ್ರಾಯ.

"ದೇಶಾನ ನೋಡ್ತದ, ಲುಂಗಿ ಮ್ಯಾಲ ನಿಂದ್ರಲ್ಯಾ?"

ಪುರಾತನ ಪದ್ಧತಿಯ ಚಿತ್ರದಲ್ಲಿ ಮದುಮಗ ನೀರೆತ್ತುವಂತಿಲ್ಲ. ಮುದುಕರ ಮನಸ್ಸು ನೋಯಿಸಲಾರದೆ ಹನುಮಂತ್ರಾಯ ರೀಲಿಲ್ಲದ ಕ್ಯಾಮೆರಾ ಓಡಿಸಿ, "ಭಾಳ ಚಲೋ ಬಂತ್ರಿ" ಎಂದುಬಿಟ್ಟ.

ಎರಡು ವರ್ಷದ ಮೇಲೆ ಚಿತ್ರ ತೋರಿಸಲು ಅದೇ ಊರಿನ ಶಾಲೆಗೆ ಬಂದಾಗ ಪೀರಾ ಸಾಬ್ ತೀರಿಕೊಂಡಿದ್ದರು. ಅವರ ಹೆಂಡತಿ ಹಾಜಿರಾ ಬೀ ದೇವದುರ್ಗದಿಂದ ಮಗಳು, ಮೊಮ್ಮಕ್ಕಳನ್ನು ಕರೆಸಿಕೊಂಡು ಮುಂದಿನ ಸಾಲಿನಲ್ಲಿ ಕೂತಿದ್ದರು.

"ಅವ್ರದೊಂದು ಫೋಟೋನೂ ಇಲ್ರಿ ಸಾಹೇಬ್ರ. ನಿಮ್ಮ ಪೆಟ್ಟಿಗ್ಯಾಗಷ್ಟ ಅದಾರ."

ಹನುಮಂತ್ರಾಯ ಪ್ರೊಜೆಕ್ಟರಿನ ಹಿಂದೆ ಬಗ್ಗಿ, "ಬಲ್ಬು ಸುಟ್ಟದ" ಎಂದ.

ಬಟ್ಟೆ ವ್ಯಾಪಾರಿ ಖಾಜಾಮಿಯಾ ಎದ್ದರು. "ಮಾನ್ವಿ ಟೂರಿಂಗ್ ಟಾಕೀಸಿನ್ಯಾಂವ ನನ್ನ ಬೀಗ!" ಮೋಟಾರ್ ಸೈಕಲ್ಲಿನಲ್ಲಿ ಹೋಗಿ ಬಲ್ಬು ತಂದೇಬಿಟ್ಟರು.

"ಹಗಲೊತ್ತು ಕಾಣೂದಿಲ್ರಿ" ಎಂದ ಹನುಮಂತ್ರಾಯ. ಕುರಿಗಾರ ಬೂದೆಪ್ಪ ಕಿಟಕಿಗಳಿಗೆಲ್ಲ ಕಂಬಳಿ ಕಟ್ಟಿದ. ಕೋಣೆ ಕುರಿ ವಾಸನೆಯ ಹಬೆಪಾತ್ರೆಯಾಯಿತು. ಅಷ್ಟರಲ್ಲಿ ಕರೆಂಟು ಹೋಯಿತು. ಹನುಮಂತ್ರಾಯ ಕಂಡ ದೇವರಿಗೆಲ್ಲ ಕೈಮುಗಿಯುತ್ತಿದ್ದಾಗ, ಖಾಜಾಮಿಯಾ ಮದುವೆ ಮನೆಯ ಜನರೇಟರ್ ತಳ್ಳಿಸಿಕೊಂಡು ಬಂದರು.

"ನೀವು ಸುಮ್ನ ಕೂಡ್ರಿ ಸಾಹೇಬ್ರ. ನಾವಿಲ್ಲೇನು?"

ಪರದೆಯ ಮೇಲೆ ಮರಳು, ಒಂಟೆ, ಮೆಟ್ಟಿಲುಬಾವಿಗಳು ಹಾದುಹೋದವು. ಕಡೆಗೆ, ದೂರದಲ್ಲಿ, ಬೆನ್ನು ತಿರುಗಿಸಿದ್ದ ಬಿಳಿ ಅಂಗಿಯ ಮುದುಕನೊಬ್ಬ ಬಾರಕೋಲಿನಿಂದ ಎತ್ತಿಗೆ ಹೊಡೆದು ನೀರೆತ್ತುತ್ತಿದ್ದ.

"ಅಗೋ, ಪೀರಾ ಸಾಬ್!" ಖಾಜಾಮಿಯಾ ಕೂಗಿದರು.

"ನಮ್ಮೂರಾಗ ಇಷ್ಟು ಉಸುಕು ಎಲ್ಲಿಂದ ಬಂತು?" ಎಂದ ಬೂದೆಪ್ಪ.

"ಸಿನಿಮಾಕ್ಕ ಹಾಕಿರ್ತಾರಪಾ, ಬಾಯಿ ಮುಚ್ಚು!"

ಮೊಮ್ಮಕ್ಕಳು "ನಾನಾ! ನಾನಾ!" ಎಂದು ಅಜ್ಜನನ್ನು ಕೂಗಿ ಕುಣಿದವು. ಚಪ್ಪಾಳೆ ಬಿತ್ತು. ಹನುಮಂತ್ರಾಯ ಉಸಿರು ಬಿಟ್ಟ. ತೀರಿಕೊಂಡವರ ಬಗ್ಗೆ ಇನ್ನೊಂದು ಸುಳ್ಳು ಹೇಳದೆಯೇ ಪಾರಾಗಿದ್ದ.

ಜನ ಚದುರಿದ ಮೇಲೆ ಹಾಜಿರಾ ಬೀ ಹತ್ತಿರ ಬಂದರು.

"ಪರದೆ ಮ್ಯಾಲಿನಾಂವ ಎತ್ತಿಗೆ ಹೊಡದಾನ್ರಿ ಸಾಹೇಬ್ರ. ನಮ್ಮವ್ರು ಒಂದಿನಾನೂ ಬಾರಕೋಲು ಎತ್ತಲಿಲ್ಲ. ಹಾಡಿ ಹಾಡೇ ನಡಸ್ತಿದ್ರು."

ಹನುಮಂತ್ರಾಯ ರೀಲು ಸುತ್ತುವುದನ್ನು ನಿಲ್ಲಿಸಿದ.

"ಇರ್ಲಿ. ಮಂದಿ ಮುಂದ ನಿಮ್ಮ ಮರ್ಯಾದಿ ಯಾಕ ಕಳೀಬೇಕಂತ ಸುಮ್ಮನಾದೆ. ಹುಡುಗ್ರೂ ಖುಷಿಯಾದ್ವು." ಆಕೆ ಬಾಗಿಲು ಮುಂದೆ ಮಾಡಿದರು. "ಅವಸರದಾಗ ರೀಲಿನ ಡಬ್ಬಿ ಅದಲುಬದಲು ಆಗ್ಯದ ಕಾಣ್ತದ. ಈಗ ಯಾರೂ ಇಲ್ಲ. ನಮ್ಮವ್ರ ಡಬ್ಬಿ ಹಾಕ್ರಿ."

ಸೆರಗನ್ನು ತಲೆಯ ಮೇಲೆ ಸರಿಯಾಗಿ ಎಳೆದುಕೊಂಡು, ಬಿಳಿ ಪರದೆಯ ಎದುರು ಹೋಗಿ ಕೂತರು.