ಸುರಪುರದಿಂದ ಯಾದಗಿರಿಗೆ ತಾಡೋಲೆ ತಂದದ್ದು

ಕೆಲವರು ಏನೂ ತಿಳಿಯದೆ ಹೆದರುತ್ತಾರೆ. ನನ್ನ ಹೆದರಿಕೆ ಆ ಜಾತಿಯದಲ್ಲ, ಓದಿ ಓದಿ ಸಂಪಾದಿಸಿಕೊಂಡದ್ದು. ಯಾದಗಿರಿಯ ಒಂದು ಗ್ರಂಥಾಲಯದಲ್ಲಿ ಇಪ್ಪತ್ತೆರಡು ವರ್ಷಗಳಿಂದ ಸಹಾಯಕನಾಗಿದ್ದೇನೆ. ಬಿಸಿಲಿಗೆ ಹೆದರಿ ಓದುಗರು ಬಾರದ ಮಧ್ಯಾಹ್ನಗಳಲ್ಲಿ ಕಪಾಟಿನಲ್ಲಿದ್ದದ್ದನ್ನೆಲ್ಲ ಓದುತ್ತ ಕೂತವನು. ವೈದ್ಯದ ಪುಸ್ತಕಗಳ ಸಾಲನ್ನು ಮುಗಿಸಿದ ವರ್ಷ ನನಗೆ ಬಾರದ ರೋಗವೇ ಇರಲಿಲ್ಲ. "ಬಾಣಂತಿ ರೋಗ ಅಷ್ಟ ಉಳದಾವ ನೋಡ್ರಿ, ಅವನ್ನೂ ತಂದ್ಕೋರಿ" ಎಂದು ಹೆಂಡತಿ ಕೈಮುಗಿದಿದ್ದಳು. ಮರುವರ್ಷ ಗ್ರಂಥಾಲಯಗಳ ಇತಿಹಾಸ ಹಿಡಿದೆ. ಅದರಷ್ಟು ಎದೆ ನಡುಗಿಸುವ ಕಥೆ ಇನ್ನೊಂದಿಲ್ಲ. ಮನುಷ್ಯ ಸಾವಿರಾರು ವರ್ಷಗಳಿಂದ ಬರೆದದ್ದನ್ನು ಕೂಡಿಸಿ ಇಡುತ್ತಲೇ ಬಂದಿದ್ದಾನೆ. ಬೆಂಕಿಯೋ ನೀರೋ ಗೆದ್ದಲೋ ದಂಡೋ ಬಂದು ಅದನ್ನು ಕಳೆಯುತ್ತಲೇ ಬಂದಿವೆ. ಅಲೆಕ್ಸಾಂಡ್ರಿಯಾದ ಭಂಡಾರ ಬೆಂಕಿಗೆ ಹೋಯಿತು, ನಲಂದಾ ಸುಟ್ಟುಹೋಯಿತು. ಉಳಿದದ್ದು ಯಾವುದು ಎಂದರೆ ಅತಿ ಹಳೆಯ ಕಾಲದವರು ಮಣ್ಣಿನ ಹಲಗೆಯ ಮೇಲೆ ಗೀಚಿದ್ದು. ಊರಿಗೆ ಬೆಂಕಿ ಬಿದ್ದಾಗ ಅದು ಇಟ್ಟಂಗಿಯಂತೆ ಸುಟ್ಟು ಇನ್ನಷ್ಟು ಗಟ್ಟಿಯಾಯಿತಂತೆ.

ಇಷ್ಟು ತಿಳಿದಿದ್ದವನು ಬಾಯಿ ಮುಚ್ಚಿಕೊಂಡಿರಬೇಕಿತ್ತು. ಆದರೆ ನಮ್ಮ ಮುಖ್ಯಸ್ಥೆ ಶಾಂತಾ ಮೇಡಂ ಶಾಲೆಯ ಮಕ್ಕಳಿಗಾಗಿ, ಗ್ರಂಥಾಲಯ ಅಂದಿನಿಂದ ಇಂದಿನವರೆಗೆ ಹೇಗೆ ನಡೆದುಬಂತು ಎಂದು ತೋರಿಸುವ ಪ್ರದರ್ಶನ ಮಾಡಲು ಹೊರಟರು. ಮಣ್ಣಿನ ಹಲಗೆಗೆ ಭೀಮಾ ನದಿಯ ದಂಡೆಯಿಂದ ಜಿಗುಟು ಮಣ್ಣು ಬಂತು. ಸರಪಳಿ ಬಿಗಿದು ಪುಸ್ತಕ ಕಾಯುತ್ತಿದ್ದ ಕಾಲವನ್ನು ತೋರಿಸಲು ಮೇಡಂ ತಮ್ಮ ಮನೆಯ ನಾಯಿಯ ಸರಪಳಿಯನ್ನೇ ತಂದರು. ಕೊನೆಗೆ ಇಡಲು ಕಂಪ್ಯೂಟರ್ ಹೇಗೂ ಇತ್ತು. "ತಾಡೋಲಿ ಒಂದು ಸಿಕ್ಕಿದ್ರ ಛಲೋ ಆಗ್ತಿತ್ತು" ಎಂದು ಮೇಡಂ ನಿಟ್ಟುಸಿರಿಟ್ಟಾಗ ನನ್ನ ನಾಲಿಗೆ ನನ್ನನ್ನು ಕೇಳದೆ, "ನಮ್ಮತ್ತಿ ಮನ್ಯಾಗ ಐತ್ರಿ, ತರ್ತೀನ್ರಿ" ಎಂದುಬಿಟ್ಟಿತು.

ಅತ್ತೆ ಎಂದರೆ ಅಪ್ಪನ ಅಕ್ಕ ನೀಲವ್ವ. ಎಂಬತ್ತು ದಾಟಿದರೂ ಸುರಪುರದ ಓಣಿಯಲ್ಲಿ ಅವಳ ದನಿಗೆ ಹೆದರದವರಿಲ್ಲ. ಗಂಡ ತೀರಿದ ಮೇಲೆ ತವರುಮನೆಗೆ ಬಂದವಳು ಅಜ್ಜನ ಆ ತಾಡೋಲೆಯ ಕಟ್ಟನ್ನು ಕಾಯುತ್ತ ಬಂದಿದ್ದಾಳೆ. ದೇವರ ಜಗಲಿಯ ಮೇಲಿನ ಗೂಡಿನಲ್ಲಿ, ಕೆಂಪು ವಸ್ತ್ರದೊಳಗೆ, ಎರಡು ಕಟ್ಟಿಗೆಯ ಹಲಗೆಗಳ ನಡುವೆ ಗರಿಗಳು. ಸೋಮವಾರಕ್ಕೊಮ್ಮೆ ಅದಕ್ಕೆ ವಿಭೂತಿ. ಅದರಲ್ಲಿ ಏನಿದೆಯೋ, ನಮ್ಮಲ್ಲಿ ಯಾರಿಗೂ ಓದಲು ಬಾರದು. ಅತ್ತೆಗಂತೂ ಅಕ್ಷರವೇ ಬಾರದು. ನಾನು ಕೇಳಿದ ಮೇಲೆ ಮೂರು ದಿನ ವಿಚಾರ ಮಾಡಿ ನಾಲ್ಕನೆಯ ದಿನ ನನ್ನನ್ನು ಕರೆಸಿದಳು.

"ಹರದ್ರ?"

"ಹರಿಯೂದಿಲ್ಲತ್ತಿ."

"ಕಳದ್ರ?"

"ನಾ ಇರ್ತೀನಲ್ಲ."

"ನೀ ಕಳದ್ರೂ ನಡೀತೈತಿ, ಅದು ಕಳೀಬಾರದು" ಎಂದು ನಲವತ್ತೊಂದು ಗರಿಗಳನ್ನೂ ನನ್ನ ಕೈಯಿಂದಲೇ ಎಣಿಸಿ ಕೊಟ್ಟಳು.

ಶಹಾಪುರದಲ್ಲಿ ಬಸ್ಸು ಬದಲಿಸಿ ಯಾದಗಿರಿಯ ಬಸ್ಸು ಹತ್ತಿದೆ. ಸೀಟು ಸಿಕ್ಕಿತು, ಕಟ್ಟು ತೊಡೆಯ ಮೇಲೆ. ಓದಿದ ಇತಿಹಾಸವೆಲ್ಲ ನನ್ನ ಸುತ್ತ ಸೀಟು ಹಿಡಿದು ಕೂತಿತು. ಪಕ್ಕದವನು ಕಿವಿಯ ಸಂದಿನಿಂದ ಬೀಡಿ ತೆಗೆದು ಬೆರಳಲ್ಲಿ ಹೊರಳಿಸುತ್ತಿದ್ದ. ಅವನು ಹಚ್ಚಲಿಲ್ಲ, ಆದರೆ ನನಗೆ ಅಲೆಕ್ಸಾಂಡ್ರಿಯಾ ಕಂಡಿತು. ಮುಂದಿನ ಸೀಟಿನ ಹೆಂಗಸು ಮಗುವಿಗೆ ನೀರು ಕುಡಿಸಲು ಬಾಟಲಿಯ ಮುಚ್ಚಳ ತೆಗೆದರೆ ನಾನು ಕಟ್ಟನ್ನು ಅಂಗಿಯೊಳಗೆ ತಳ್ಳಿದೆ. ಹಿಂದಿನವರು ಮಿರ್ಚಿ ಭಜಿಯ ಪೊಟ್ಟಣ ಬಿಚ್ಚಿದರು. "ತಗೋರಿ ಅಣ್ಣಾರ" ಎಂದು ಎಣ್ಣೆ ಸೋರುವ ಕೈ ನನ್ನ ಭುಜದ ಮೇಲಿಂದ ಇಳಿದು ಬಂದಾಗ ನಾನು ಹಾಕಿದ ಕೂಗಿಗೆ ಪಾಪ, ಆ ಮನುಷ್ಯ ಭಜಿಯನ್ನು ತಾನೇ ಬಾಯಿಗೆ ಹಾಕಿಕೊಂಡು ಕಿಟಕಿಯ ಕಡೆ ತಿರುಗಿದ. ಯಾದಗಿರಿ ಹತ್ತಿರವಾದಂತೆ ಭೀಮಾ ಸೇತುವೆ ನೆನಪಾಯಿತು. ಬಸ್ಸು ಹೊಳೆಗೆ ಬಿದ್ದರೆ? ನನ್ನ ಗತಿ ಏನು ಎಂಬುದು ತಲೆಗೆ ಬರಲೇ ಇಲ್ಲ. ಅತ್ತೆಗೆ ಯಾರು ಹೇಳುವವರು ಎಂಬುದೊಂದೇ ಚಿಂತೆ.

ಬಸ್ಸು ಹೊಳೆಗೆ ಬೀಳಲಿಲ್ಲ. ಸೇತುವೆಗೆ ಇನ್ನೂ ಒಂದೆರಡು ಮೈಲು ಇರುವಾಗ ದೊಡ್ಡದೊಂದು ತಗ್ಗಿಗೆ ಇಳಿದು ಎಗರಿತು. ನಾನೂ ಎಗರಿದೆ. ಕಟ್ಟು ಅಂಗಿಯೊಳಗಿಂದ ಜಾರಿ ನೆಲಕ್ಕೆ ಬಿದ್ದು, ವಸ್ತ್ರ ಬಿಚ್ಚಿ, ನಮ್ಮಜ್ಜನ ಕಾಲದ ದಾರ ಪಟ್ಟನೆ ಹರಿಯಿತು. ಗರಿಗಳು ಸರಸರ ಸರಿದು ಸೀಟುಗಳ ಕೆಳಗೆ ಹರಡಿಹೋದವು.

"ಕಾಲ ಎತ್ರಿ! ಎಲ್ಲಾರೂ ಕಾಲ ಎತ್ರಿ!" ಎಂದು ಕಿರುಚಿದೆ.

"ಹಾವು!" ಎಂದು ಯಾರೋ ಕೂಗಿದರು. ಒಂದೇ ಕ್ಷಣದಲ್ಲಿ ಬಸ್ಸಿನವರೆಲ್ಲ ಕಾಲು ಸೀಟಿನ ಮೇಲಿಟ್ಟು ಕುಕ್ಕರುಗಾಲಲ್ಲಿ ಕೂತಿದ್ದರು. ಡ್ರೈವರ್ ಗಕ್ಕನೆ ನಿಲ್ಲಿಸಿದ. ಕಂಡಕ್ಟರ್ ಕೋಲು ಹುಡುಕುತ್ತ ಬಂದು, "ಎಲ್ಲೈತ್ರಿ?" ಎಂದ.

"ಹಾವಲ್ರಿ, ಗ್ರಂಥ."

"ಹಾವಾಗಿದ್ರ ಬಡದು ಮುಂದ ಹೋಗ್ತಿದ್ವಿ" ಎಂದು ಕಂಡಕ್ಟರ್ ಬೇಸರಪಟ್ಟ. ಆದರೂ ಅವನೇ ಮೊದಲು ಮಂಡಿಯೂರಿದವನು. ಬೀಡಿಯವನು ಸೀಟಿನಡಿ ಕೈಹಾಕಿ ಹನ್ನೆರಡು ಗರಿ ತೆಗೆದುಕೊಟ್ಟ. ಭಜಿಯ ಮನುಷ್ಯ ನನ್ನ ಮುಖ ನೋಡಿ, ಕೈಯನ್ನು ತನ್ನ ಧೋತರಕ್ಕೆ ನಾಲ್ಕು ಸಲ ಒರೆಸಿಕೊಂಡು ಆಮೇಲೆ ಮುಟ್ಟಿದ. ಎಣಿಸಿದೆ. ನಲವತ್ತು. ಮತ್ತೆ ಎಣಿಸಿದೆ. ಆಗಲೂ ನಲವತ್ತು. ಇತಿಹಾಸ ಓದುವಾಗ, ಇಷ್ಟು ದೊಡ್ಡ ಭಂಡಾರಗಳನ್ನು ಜನ ಹೇಗೆ ಕಳೆದುಕೊಂಡರೋ ಎಂದು ಬೈದುಕೊಂಡಿದ್ದೆ. ಹೀಗೆಯೇ ಇರಬೇಕು, ಒಂದು ತಗ್ಗು ಸಾಕು.

"ಇದೇನು ನೋಡೋ ತಮ್ಮಾ" ಎಂಬ ದನಿ ಕೊನೆಯ ಸೀಟಿನಿಂದ ಬಂತು. ಅಲ್ಲೊಬ್ಬ ಮುದುಕಿ ಕಣ್ಣುಮುಚ್ಚಿ, ನನ್ನ ನಲವತ್ತೊಂದನೆಯ ಗರಿಯಿಂದ ಬೆನ್ನು ಕೆರೆದುಕೊಳ್ಳುತ್ತಿದ್ದಳು.

"ಕೊಡಬೇ, ಅದು ನಮ್ಮ ಹಿರ್ಯಾರದು!"

"ಕೊಡ್ತೀನಿ ತಡಿ. ಕೈ ಮುಟ್ಟಲಾರದ ಜಾಗಾಕ ಮುಟ್ಟೇತಿ" ಎಂದು ಇನ್ನೆರಡು ಸಲ ಎಳೆದು ಕೊಟ್ಟಳು.

ಮರುದಿನ ಪ್ರದರ್ಶನಕ್ಕೆ ನಿವೃತ್ತ ಶಿಕ್ಷಕರಾದ ಬಸಣ್ಣ ಮಾಸ್ತರರು ಬಂದರು. ಹಳೆಯ ಬರಹ ಓದಬಲ್ಲವರು. ಗರಿಯಂಚಿನ ಅಂಕಿ ನೋಡಿ ಎಲ್ಲವನ್ನೂ ಕ್ರಮವಾಗಿ ಜೋಡಿಸಿ, ಹೊಸ ದಾರ ಪೋಣಿಸಿದರು. ಒಳಗಿದ್ದದ್ದು ಎತ್ತುಗಳ ಔಷಧ. ಹೊಟ್ಟೆಯುಬ್ಬರಕ್ಕೆ ಇಂಥದು, ಹೆಗಲು ಹುಣ್ಣಿಗೆ ಇಂಥದು. ಮಕ್ಕಳು ಬಾಯಿ ತೆರೆದು ಕೇಳಿದರು. ಕೊನೆಯ ಗರಿಯನ್ನು ಮಾಸ್ತರರು ಬೆಳಕಿಗೆ ಹಿಡಿದು ಮೂಸಿದರು. "ಇದಕ್ಯಾರೋ ಔಡಲೆಣ್ಣಿ ಹಚ್ಯಾರಲ್ಲ?" ಮುದುಕಿಯ ಹರಳೆಣ್ಣೆ ಹಚ್ಚಿದ ಬೆನ್ನು ನೆನಪಾಗಿ ನಾನು ಸರಪಳಿಯ ಕಡೆ ನೋಡಿದೆ. ಮಾಸ್ತರರು ಓದಿ ಅರ್ಥ ಹೇಳಿದರು: ಬೆನ್ನು ಬಗ್ಗಿಸಿ, ಕಣ್ಣು ಸವೆಸಿ ಬರೆದಿದ್ದೇನೆ, ಇದನ್ನು ನೀರಿನಿಂದ ಕಾಯಿರಿ, ಎಣ್ಣೆಯಿಂದ ಕಾಯಿರಿ, ಮೂರ್ಖನ ಕೈಗೆ ಮಾತ್ರ ಕೊಡಬೇಡಿರಿ. ಮೇಡಂ ನನ್ನ ಕಡೆ ನೋಡಿದರು, ಅಷ್ಟೆ.

ಆ ವಾರವೇ ಕಟ್ಟನ್ನು ಬಿಸ್ಕತ್ತಿನ ಡಬ್ಬಿಯಲ್ಲಿಟ್ಟು, ಡಬ್ಬಿಯನ್ನು ಎದೆಗವಚಿಕೊಂಡು ಸುರಪುರಕ್ಕೆ ಹೋದೆ. ಅತ್ತೆ ಕನ್ನಡಕ ಹಾಕಿಕೊಂಡು ಎಣಿಸತೊಡಗಿದಳು.

"ಏನ್ ಬರದಾರಂತ?"

ಎತ್ತಿನ ಔಷಧಗಳನ್ನೆಲ್ಲ ಹೇಳಿದೆ.

"ಕಡೀ ಗರ್ಯಾಗ?"

"ನೀರು ತಾಗಿಸಬ್ಯಾಡ್ರಿ, ಎಣ್ಣಿ ತಾಗಿಸಬ್ಯಾಡ್ರಿ ಅಂತ ಬರದಾರತ್ತಿ" ಎಂದು ಅಲ್ಲಿಗೇ ನಿಲ್ಲಿಸಿದೆ.

"ಇನ್ನೊಂದು ಐತೆಲ್ಲ. ನಮ್ಮಪ್ಪ ಬಾಯಿಲೆ ಹೇಳಿಕೊಟ್ಟಾನ ನನಗ."

"ಗೊತ್ತಿದ್ರೂ ನನ್ನ ಕೈಯಾಗ ಯಾಕ ಕೊಟ್ಟಿ ಅತ್ತಿ?"

"ನೀ ಅಂಜುಬುರುಕ ಅದೀ, ಅದಕ್ಕ. ಧೈರ್ಯದಾಂವಗ ಕೊಟ್ಟಿದ್ರ ಎಲ್ಲರೆ ಇಟ್ಟು ಮರೀತಿದ್ದ. ಅಂಜೋ ಮಂದಿ ಸಾಮಾನು ಕಳಿಯೂದಿಲ್ಲ."

ಐವತ್ತೆರಡು ವರ್ಷದ ಬಾಳಿನಲ್ಲಿ ನನ್ನ ಹೆದರಿಕೆಯನ್ನು ಯಾರಾದರೂ ಹೊಗಳಿದ್ದು ಅದೇ ಮೊದಲು. ಕಣ್ಣು ತುಂಬಿ ಬಂತು. ಏನಾದರೂ ದೊಡ್ಡ ಮಾತು ಹೇಳಬೇಕೆಂದು ಗಂಟಲು ಸರಿಮಾಡಿಕೊಳ್ಳುವಷ್ಟರಲ್ಲಿ ಅತ್ತೆಯ ಬೆರಳು ಹೊಸ ದಾರದ ಗಂಟಿನ ಮೇಲೆ ಹೋಗಿ ನಿಂತಿತು. ಬಸ್ಸಿಗೆ ಹೊತ್ತಾಯಿತೆಂದು ನಾನು ಚಪ್ಪಲಿ ಹುಡುಕತೊಡಗಿದೆ.